ವಾದ ಮಾಡುತ್ತ ಮರಾಪಿ ಏರಿದ್ದು

ಯಿಶುನ್

ಅಗ್ನಿಪರ್ವತವನ್ನು ಕಂಡು ಬಂದೆವೆಂದು ಬರೆದವರ ಬರಹಗಳನ್ನು ನಾನು ಸಾಕಷ್ಟು ಓದಿದ್ದೇನೆ. ಅವುಗಳಲ್ಲಿ ಒಂದರಲ್ಲಾದರೂ ಪರ್ವತವು ಕೆಂಪಗೆ ಕುದಿಯದೆ ಸುಮ್ಮನೆ ಕುಳಿತದ್ದನ್ನು ಕಾಣೆ. ನೋಡಿದವರೆಲ್ಲರೂ ಒಂದೇ ಮಾತು ಹೇಳಿದರೆ ಅದು ನಿಜವಿರಬೇಕೆಂದು ಲೋಕ ನಂಬುತ್ತದೆ. ಒಬ್ಬ ಬರೆದದ್ದನ್ನು ನೋಡಿಕೊಂಡು ಇನ್ನೊಬ್ಬ ಬರೆದಿರಬೇಕೆಂದು ನಾನು ತಿಳಿಯುತ್ತೇನೆ.

ನನ್ನ ಶಾಲೆ ನಾಲ್ಕನೆಯ ಇಯತ್ತೆಗೆ ಮುಗಿಯಿತು. ಆಮೇಲಿನದೆಲ್ಲ ವಾಚನಾಲಯದ ವಿದ್ಯೆ. ಹೊಟ್ಟೆಪಾಡಿಗೆ ಬಿಜಾಪುರದ ಕಡೆಯ ಹೊಲಗಳಲ್ಲಿ ಬಾವಿ ತೋಡಿಸುವ ಗುತ್ತಿಗೆ ಹಿಡಿಯುತ್ತಿದ್ದೆ. ಅಲ್ಲಿಯ ನೆಲವೆಲ್ಲ ಕರಿಕಲ್ಲು. ಅದು ಒಂದಾನೊಂದು ಕಾಲದಲ್ಲಿ ಬೆಂಕಿಯ ಅಂಬಲಿಯಂತೆ ನೆಲದೊಳಗಿಂದ ಉಕ್ಕಿ, ಹರಿದು, ಹೆಪ್ಪುಗಟ್ಟಿದ ಕಲ್ಲೆಂದು ಪುಸ್ತಕಗಳು ಹೇಳುತ್ತವೆ. ನಾನು ಒಪ್ಪಿರಲಿಲ್ಲ. ಬಾವಿ ಇಳಿದಂತೆ ಕರಿಕಲ್ಲಿನ ಕೆಳಗೆ ಕಾವಿ ಬಣ್ಣದ ಮೆತ್ತನೆಯ ಮಣ್ಣಿನ ಪಟ್ಟಿ ಸಿಗುತ್ತದೆ, ಅದರ ಕೆಳಗೆ ಮತ್ತೆ ಕರಿಕಲ್ಲು. ಬೆಂಕಿಯೇ ಹರಿದಿದ್ದರೆ ನಡುವೆ ಮಣ್ಣು ಹಾಸಲು ಬಂದವರಾರು ಎಂಬುದು ನನ್ನ ಪ್ರಶ್ನೆ. ಈ ಪ್ರಶ್ನೆಗೆ ಉತ್ತರ ಹೇಳಿದವರಿದ್ದರು. ಆದರೆ ಹೇಳಿದವರಾರೂ ಬಾವಿಗೆ ಇಳಿದವರಲ್ಲ, ಬೆಂಕಿಯ ಬೆಟ್ಟ ಹತ್ತಿದವರೂ ಅಲ್ಲ.

ಎರಡು ಸಾವಿರದ ಇಸವಿ ಕಳೆದು, ಅಗ್ಗದ ವಿಮಾನಗಳು ಸಿಂಗಪುರದಿಂದ ನಾಲ್ಕೂ ದಿಕ್ಕಿಗೆ ಹಾರತೊಡಗಿದ್ದ ಕಾಲದಲ್ಲಿ ಆ ಊರಿನ ಯಿಶುನ್‌ನಲ್ಲಿರುವ ಮಗಳ ಮನೆಗೆ ಹೋದೆ. ಮಗಳು ಸಾವಿತ್ರಿ, ಅಳಿಯ ಮಲ್ಲಿಕಾರ್ಜುನ, ಪಾಲಿಟೆಕ್ನಿಕ್ಕಿನಲ್ಲಿ ಓದುತ್ತಿದ್ದ ಮೊಮ್ಮಗಳು ಅಂಕಿತಾ. ಅಲ್ಲಿಂದ ಒಂದು ಗಂಟೆಯ ಹಾರಾಟದಾಚೆ, ಸುಮಾತ್ರಾದಲ್ಲಿ, ಇನ್ನೂ ಹೊಗೆಯಾಡುವ ಮರಾಪಿಯೆಂಬ ಬೆಟ್ಟವಿದೆಯೆಂದೂ ಮಾರ್ಗದರ್ಶಿಗಳು ಜನರನ್ನು ಅದರ ಬಾಯಿಯವರೆಗೆ ಕರೆದೊಯ್ಯುತ್ತಾರೆಂದೂ ಮೊಮ್ಮಗಳು ಊಟದ ಹೊತ್ತಿಗೆ ಹೇಳಿದಳು. ಹುಟ್ಟಿದಾಗಿನಿಂದ ಕಟ್ಟಡಗಳನ್ನೇ ಎತ್ತರವೆಂದು ತಿಳಿದು ಬೆಳೆದ ಹುಡುಗಿಗೆ ನಿಜವಾದ ಬೆಟ್ಟ ಏರುವ ಆಸೆ, ನನಗೆ ಪುಸ್ತಕವನ್ನು ಪರೀಕ್ಷಿಸುವ ಆಸೆ. ರೊಟ್ಟಿ ಮುಗಿಯುವುದರೊಳಗೆ ನಾವಿಬ್ಬರೂ ಒಂದು ಪಕ್ಷವಾದೆವು.

ಸಾವಿತ್ರಿ ಮಾತ್ರ, "ಅಪ್ಪಾ, ಮೊದ್ಲ ನಿಮ್ಮ ಮೊಣಕಾಲನ್ನ ಕೇಳ್ರಿ. ಅವು ಹ್ಞೂಂ ಅಂದ್ರ ನಾ ಬ್ಯಾಡ ಅನ್ನೂದಿಲ್ಲ" ಎಂದಳು.

ಮೊಣಕಾಲುಗಳನ್ನು ಒಪ್ಪಿಸುವ ಸಲುವಾಗಿ ಪ್ರತಿದಿನ ಬೆಳಿಗ್ಗೆ ಅವರ ಬ್ಲಾಕಿನ ಮೆಟ್ಟಿಲುಗಳನ್ನು ಕೆಳಗಿನಿಂದ ಮೇಲಿನವರೆಗೆ ಏರಿ ಇಳಿಯತೊಡಗಿದೆ. ಸಿಂಗಪುರದವರು ಮೆಟ್ಟಿಲನ್ನು ಕಟ್ಟುವುದು ಕಟ್ಟಡಕ್ಕೆ ಇರಲೆಂದು, ಏರುವುದಕ್ಕಲ್ಲ. ನಡುವಿನ ಮಹಡಿಯೊಂದರಲ್ಲಿ ಚೀನೀ ಅಜ್ಜಿಯೊಬ್ಬಳು ಹೂಕುಂಡಗಳಿಗೆ ನೀರು ಹಾಕುತ್ತಿದ್ದಳು. ನಾನು ಏದುಸಿರು ಬಿಡುತ್ತ ಹಾಯುವುದನ್ನು ಕೆಲವು ದಿನ ಕನಿಕರದಿಂದ ನೋಡಿದಳು. ಒಂದು ಬೆಳಿಗ್ಗೆ ನಾನು ಇಳಿದು ವಾಯ್ಡ್ ಡೆಕ್ಕಿಗೆ, ಅಂದರೆ ಕಟ್ಟಡದ ಕೆಳಗಿನ ಬಯಲು ಹಜಾರಕ್ಕೆ ಬಂದಾಗ, ಸಮವಸ್ತ್ರದ ಇಬ್ಬರು ಲಿಫ್ಟಿನ ಬಾಗಿಲು ಬಿಚ್ಚಿ ಕುಳಿತಿದ್ದರು. ಮುದುಕರೊಬ್ಬರು ದಿನವೂ ಮೆಟ್ಟಿಲು ಹತ್ತಬೇಕಾಗಿ ಬಂದಿದೆ, ಲಿಫ್ಟು ಕೆಟ್ಟಿದೆ ಎಂದು ಅಜ್ಜಿ ದೂರು ಕೊಟ್ಟಿದ್ದಳಂತೆ. ಕೆಡದೆ ಇದ್ದ ಲಿಫ್ಟನ್ನು ಅವರು ಅತ್ಯಂತ ಶ್ರದ್ಧೆಯಿಂದ ಪರಿಶೀಲಿಸಿದರು. ದೂರು ಕೊಟ್ಟ ಗಳಿಗೆಗೇ ಜನ ಬರುವ ಊರನ್ನು ನಾನು ಅಂದು ಮೊದಲ ಬಾರಿಗೆ ಕಂಡೆ, ಕಂಡದ್ದು ನನ್ನದೇ ತಪ್ಪಿನಿಂದ.

ಬುಕಿತ್ ತಿಮಾ

ಹೊರಡುವ ಮೊದಲಿನ ಭಾನುವಾರ ಮಲ್ಲಿಕಾರ್ಜುನ ನನ್ನನ್ನು ಸಿಂಗಪುರದ ಅತಿ ಎತ್ತರದ ಬೆಟ್ಟವಾದ ಬುಕಿತ್ ತಿಮಾಗೆ ಕರೆದೊಯ್ದ. ಮರಗಳ ನಡುವೆ ನುಣುಪಾದ ಡಾಂಬರು ದಾರಿ. ಸ್ವಲ್ಪ ಹೊತ್ತು ನಡೆದ ಮೇಲೆ ಕಲ್ಲುಬೆಂಚೊಂದು ಸಿಕ್ಕಿತು. ಅಲ್ಲಿ ಕುಳಿತು, ಬೆಟ್ಟ ಇನ್ನೆಷ್ಟು ದೂರವೆಂದು ಕೇಳಿದೆ.

"ಮಾವಾರ, ಇದರ ತುದೀಗೇ ಕುಂತೀರಿ" ಎಂದ.

ನಮ್ಮ ಕಡೆ ಇಂಥದಕ್ಕೆ ದಿನ್ನೆ ಎನ್ನುತ್ತಾರೆ. ಆದರೂ ಜನ ಅಲ್ಲಿ ಅತ್ಯುತ್ಸಾಹದಿಂದ ಒಬ್ಬರೊಬ್ಬರ ಚಿತ್ರ ತೆಗೆಯುತ್ತಿದ್ದರು. ತಮ್ಮಲ್ಲಿರುವುದನ್ನು ಪೂರ್ತಿಯಾಗಿ ಅನುಭವಿಸುವ ಗುಣ ಆ ಜನರಿಗಿದೆ. ನಮಗೆ ಕೋಟೆ, ಗುಮ್ಮಟಗಳಿದ್ದೂ ಅದು ಕಡಿಮೆಯೇ.

ಕೋತೊ ಬಾರು

ಪದಾಂಗಿನಲ್ಲಿ ವಿಮಾನ ಇಳಿದು, ಮೋಟಾರಿನಲ್ಲಿ ಘಟ್ಟ ಹತ್ತಿ, ಕೋತೊ ಬಾರು ಎಂಬ ತಂಪಾದ ಹಳ್ಳಿಗೆ ಬಂದೆವು. ಮಗಳು ಬರಲಿಲ್ಲ, ಬಂದವರು ಅಳಿಯ, ಮೊಮ್ಮಗಳು ಮತ್ತು ನಾನು. ನಮ್ಮ ಮಾರ್ಗದರ್ಶಿ ರುಸ್ಲಿ, ಪದಾಂಗಿನಿಂದಲೇ ಜೊತೆಯಾದ, ನಡುವಯಸ್ಸು ದಾಟಿದ ಒಣಕಲು ಮನುಷ್ಯ. ಗಂಡಸರ ಹೆಸರಿಗೆ ಮೊದಲು ಮರ್ಯಾದೆಗೆ 'ಪಾಕ್' ಎಂದು ಸೇರಿಸುವುದು ಅಲ್ಲಿಯ ರೂಢಿ. ಪಾಕ್ ರುಸ್ಲಿ ತಮ್ಮ ಭಾಷೆಯಲ್ಲಿ ಹೇಳಿದ್ದನ್ನು ಅಂಕಿತಾ ನಮಗೆ ತಿಳಿಸುತ್ತಿದ್ದಳು. ಸಿಂಗಪುರದ ಮಲಯ ಗೆಳತಿಯರಿಂದ ಕಲಿತ ಮಾತು ಅವಳಿಗೆ ಇಲ್ಲಿ ಒದಗಿಬಂತು.

ಆ ಸೀಮೆಯ ಮಿನಾಂಗ್‌ಕಬಾವು ಜನರಲ್ಲಿ ಮನೆ, ಗದ್ದೆ ಎಲ್ಲವೂ ತಾಯಿಯಿಂದ ಮಗಳಿಗೆ ಹೋಗುತ್ತವೆ. ಮನೆಗಳ ಸೂರು ಎತ್ತಿನ ಕೊಂಬಿನಂತೆ ಎರಡೂ ತುದಿಗೆ ಬಾಗಿ ಮೇಲೇಳುತ್ತದೆ. ಆ ಚೆಲುವಾದ ಸೂರುಗಳ ಕೆಳಗೆ ಅಳಿಯನೆಂಬವನು ಅತಿಥಿ ಮಾತ್ರ. ಇದನ್ನು ಕೇಳಿ ಮಲ್ಲಿಕಾರ್ಜುನ, ತಾನು ಯಿಶುನ್‌ನಲ್ಲಿ ಈ ಪದ್ಧತಿಯನ್ನು ಎಂದಿನಿಂದಲೋ ಪಾಲಿಸಿಕೊಂಡು ಬಂದಿದ್ದೇನೆಂದು ರುಸ್ಲಿಯವರಿಗೆ ಹೇಳಿಸಿದ. ಅವರಿಬ್ಬರೂ ಕೈಕುಲುಕಿದರು.

ಮಿನಾಂಗ್‌ಕಬಾವು ಜನರ ಮೂಲಪುರುಷರು ಇಳಿದು ಬಂದದ್ದು ಮರಾಪಿಯ ಮೇಲಿಂದಲೇ ಎಂದು ರುಸ್ಲಿಯವರು ಹೇಳಿದರು. ಆಗ ಸುತ್ತಲೂ ಸಮುದ್ರ, ಬೆಟ್ಟ ಒಂದು ಮೊಟ್ಟೆಯಷ್ಟೇ ದೊಡ್ಡದಿತ್ತಂತೆ. ನಾನು ದಾರಿಯುದ್ದಕ್ಕೂ ಆಕ್ಷೇಪಣೆ ಎತ್ತುತ್ತಲೇ ಇದ್ದೆ. ರುಸ್ಲಿಯವರು ನಗುತ್ತ ಎಲ್ಲವನ್ನೂ ಕೇಳಿಸಿಕೊಂಡರು. ಆಮೇಲೆ ಎರಡು ನಿಯಮ ಹೇಳಿದರು. ಬೆಟ್ಟದ ಮೇಲೆ ಜಂಬದ ಮಾತಾಡಬಾರದು. ಮಾರ್ಗದರ್ಶಿ ಒಬ್ಬನೇ ಇರುವುದರಿಂದ, ಒಬ್ಬರು ಹಿಂದಿರುಗಬೇಕಾದರೆ ಎಲ್ಲರೂ ಹಿಂದಿರುಗಬೇಕು.

ಎರಡನೆಯ ನಿಯಮ ಕೇಳಿ ಅಂಕಿತಾ ನನ್ನ ಮೊಣಕಾಲಿನ ಕಡೆಗೊಮ್ಮೆ ನೋಡಿದಳು.

ಕಾಡಿನ ದಾರಿ

ಬೆಳಕು ಹರಿದ ಮೇಲೆ ಹೊರಟೆವು. ರುಸ್ಲಿಯವರು ಎಲ್ಲರಿಗಿಂತ ಮುಂದೆ ನನ್ನನ್ನು ನಿಲ್ಲಿಸಿದರು. ನನಗೆ ಸಂತೋಷವಾಯಿತು. ನಮ್ಮಲ್ಲಿ ಶ್ರೀಶೈಲಕ್ಕೆ ಪಾದಯಾತ್ರೆ ಹೊರಟಾಗ ಹಿರಿಯರನ್ನು ಮುಂದೆ ಬಿಟ್ಟುಕೊಂಡೇ ನಡೆಯುತ್ತಾರೆ. ದೇಶ ಬೇರೆ, ಧರ್ಮ ಬೇರೆ, ಆದರೂ ಹಿರಿಯರಿಗೆ ಕೊಡುವ ಮಾನ ಒಂದೇ ಎಂದುಕೊಂಡೆ. ಮಾನ ಕೊಟ್ಟವರಿಗೆ ತಕ್ಕಂತೆ ನಡೆದುಕೊಳ್ಳಬೇಕಲ್ಲ. ಹಿಂದಿನ ಕಿರಿಯರಿಗೆ ನನ್ನಿಂದ ತಡೆಯಾಗಬಾರದೆಂದು ಬಿರುಸಾಗಿ ಹೆಜ್ಜೆ ಹಾಕಿದೆ.

ದಾರಿಯೆಂಬುದು ಮಳೆನೀರು ಕೊರೆದ ಕಾಲುವೆ. ಬೇರುಗಳೇ ಮೆಟ್ಟಿಲು, ಕೆಲವೆಡೆ ಸೊಂಟದೆತ್ತರದ ಮೆಟ್ಟಿಲು. ರುಸ್ಲಿಯವರು ಆಗಾಗ "ಪೆಲಾನ್, ಪೆಲಾನ್" ಎನ್ನುತ್ತಿದ್ದರು. ನಿಧಾನ ಎಂದರ್ಥವೆಂದು ಅಂಕಿತಾ ತಿಳಿಸಿದಳು. ಅದು ಅವಳಿಗೆ ಮತ್ತು ಅವಳಪ್ಪನಿಗೆ ಹೇಳಿದ ಬುದ್ಧಿಮಾತೆಂದು ನಾನು ಗ್ರಹಿಸಿದೆ. ಮುಂದಾಳುವಿಗೆ ಯಾರಾದರೂ ನಿಧಾನ ಎನ್ನುತ್ತಾರೆಯೇ?

ಮಧ್ಯಾಹ್ನದ ಹೊತ್ತಿಗೆ ಮರದ ಬೇರೊಂದನ್ನು ದಾಟಲು ಎತ್ತಿದ ಕಾಲು ಎತ್ತಿದಂತೆಯೇ ಸೆಟೆದುಕೊಂಡಿತು. ರುಸ್ಲಿಯವರು ನನ್ನನ್ನು ಒಂದು ದಿಮ್ಮಿಯ ಮೇಲೆ ಕುಳ್ಳಿರಿಸಿ, ಕಾಲು ನೀವಿ, ನೀರು ಕುಡಿಸಿದರು. ಬುತ್ತಿ ಬಿಚ್ಚಿದೆವು. ಅವರು ತಂದ ಮಾಂಸದ ಪಲ್ಯ ನಮಗೆ ಆಗದು. ನಮ್ಮ ಕಟಕ ರೊಟ್ಟಿಯನ್ನು ಅವರು ಗೌರವದಿಂದ ಮುರಿದರು, ಶೇಂಗಾ ಹಿಂಡಿಯನ್ನು ಮಾತ್ರ ಗೌರವಕ್ಕಿಂತ ಹೆಚ್ಚಿನದೇನೋ ಇರುವಂತೆ ತಿಂದರು. ತಮ್ಮಂತೆ ಶೇಂಗಾ ಅರೆದು ಊಟಕ್ಕೆ ಹಚ್ಚಿಕೊಳ್ಳುವ ಜನ ಬೇರೆಡೆಯೂ ಇದ್ದಾರೆಂದು ಅವರು ಎಣಿಸಿರಲಿಲ್ಲ.

ಕೈ ತೊಳೆದ ಮೇಲೆ ಅವರು ಅಂಕಿತಾಳಿಗೆ ಏನೋ ಮೆಲ್ಲಗೆ ಹೇಳಿದರು. ಅವಳು ತನ್ನ ಶೂ ಲೇಸನ್ನು ಬಿಚ್ಚಿ ಮತ್ತೆ ಕಟ್ಟಿದಳು.

"ಏನಂತ?" ಎಂದೆ.

"ಇಲ್ಲಿಂದ ವಾಪಸ್ ಹೋಗೋಣ ಅಂತಿದ್ದಾರೆ, ಅಜ್ಜ. ಇಟ್ಸ್ ಓಕೆ ಲಾ. ಕಾಡು ನೋಡಿದ್ವಲ್ಲ, ಸಾಕು."

ಅವಳ ಮುಖ ನೋಡಿದರೆ ಸಾಕಾಗಿರಲಿಲ್ಲ. ಅಮ್ಮನನ್ನು ಒಪ್ಪಿಸಿ, ಮಾರ್ಗದರ್ಶಿಯನ್ನು ಹುಡುಕಿ, ಈ ಯಾತ್ರೆಯನ್ನೆಲ್ಲ ಹೊಂದಿಸಿದವಳು ಅವಳು. ಬೆಟ್ಟದ ಬಾಯಿ ನೋಡದೆ ನಾನು ಊರಿಗೆ ಮರಳಿದರೆ ನನ್ನ ಪ್ರಶ್ನೆ ನನ್ನೊಡನೆ ಮುಗಿಯುತ್ತದೆ, ಅದು ಸಹಿಸಬಹುದಾದದ್ದು. ಆದರೆ ಎರಡನೆಯ ನಿಯಮದ ಪ್ರಕಾರ ಅವಳ ಬೆಟ್ಟವೂ ಈ ದಿಮ್ಮಿಯ ಬಳಿಯೇ ಮುಗಿಯುತ್ತಿತ್ತು.

ಕಾಲು ಸೆಟೆಯುವುದು ಯಾರಿಗೂ ಆಗುವಂಥದು, ಅಷ್ಟಕ್ಕೇ ಹಿಂದಿರುಗುವುದೇ ಎಂದು ಕೇಳಿಸಿದೆ. ರುಸ್ಲಿಯವರು ಅದಲ್ಲವೆಂದು ತಲೆಯಾಡಿಸಿದರು. ಅವರ ಚಿಂತೆ ಕಾಲಿನದಾಗಿರಲಿಲ್ಲ. ಜನರನ್ನು ಬೆಟ್ಟಕ್ಕೆ ಕರೆತರುವಾಗ ಅವರು ನಾಡಿ ನೋಡುವುದಿಲ್ಲ, ಮಾತು ಕೇಳುತ್ತಾರೆ. ನಡೆಯುತ್ತ ಮಾತಾಡಬಲ್ಲವನಿಗೆ ಉಸಿರು ಉಳಿದಿದೆ ಎಂದು ಲೆಕ್ಕ. ಹಳ್ಳಿಯವರೆಗೂ ಪ್ರತಿಯೊಂದಕ್ಕೂ ಅಡ್ಡಮಾತು ತೆಗೆದ ಈ ಅಜ್ಜ, ಕಾಡು ಹೊಕ್ಕ ಮೇಲೆ ಒಂದು ಮಾತೂ ಆಡಿಲ್ಲ. ಹಾಗಾಗಿ ಹಿಂದಿರುಗೋಣ ಎಂದರು.

ಅದೇ ಉಸಿರಿನಲ್ಲಿ ಇನ್ನೊಂದು ಸಂಗತಿಯೂ ಹೊರಬಿತ್ತು. ನನ್ನನ್ನು ಮುಂದೆ ನಿಲ್ಲಿಸಿದ್ದು ಮಾನಕ್ಕಲ್ಲ. ಗುಂಪಿನಲ್ಲಿ ಅತ್ಯಂತ ನಿಧಾನದವರು ಯಾರೋ ಅವರು ಮುಂದಿರಬೇಕು, ಉಳಿದವರು ಅವರ ಅಳತೆಗೆ ನಡೆಯಬೇಕು, ಆಗ ಯಾರೂ ಹಿಂದೆ ಬೀಳುವುದಿಲ್ಲ. ಇದು ಅಲ್ಲಿಯ ಕ್ರಮ. ಬೆಳಗಿನಿಂದ "ಪೆಲಾನ್" ಎಂದದ್ದೆಲ್ಲ ನನಗೇ.

ಮಲ್ಲಿಕಾರ್ಜುನ ನಗು ತಡೆಯಲು ಮರದ ತುದಿಯಲ್ಲಿ ಹಕ್ಕಿ ಹುಡುಕತೊಡಗಿದ. "ಅದಕ್ಕ ನೋಡ್ರಿ ಮಾವಾರ, ನಾವು ಬೆಳಗಿನಿಂದ ನಿಮ್ಮ ಬೆನ್ನ ಹಿಂದ ಓಡೂದೇ ಆತು" ಎಂದ.

ನಾನೂ ನಕ್ಕೆ. ನಕ್ಕ ಮೇಲೆ, ನನ್ನನ್ನು ಮತ್ತೆ ಮುಂದೆಯೇ ನಿಲ್ಲಿಸಬೇಕೆಂದೂ ಈ ಸಲ ಕಾರಣ ತಿಳಿದು ನಿಲ್ಲುತ್ತೇನೆಂದೂ ಹೇಳಿಸಿದೆ. ರುಸ್ಲಿಯವರು ಯೋಚಿಸಿದರು. ಕೊನೆಯ ಮರದವರೆಗೆ ನೋಡೋಣ, ಮಾತು ನಿಂತಲ್ಲಿಗೆ ನಡಿಗೆಯೂ ನಿಲ್ಲುತ್ತದೆ ಎಂದರು.

ಅಂಕಿತಾಳ ಕಣ್ಣು ಅರಳಿತು. "ಅಜ್ಜ, ಸಿಂಪಲ್. ನೀವು ವಾದ ಮಾಡ್ತಾ ಬನ್ನಿ. ಮನೇಲಿ ಅಮ್ಮನ ಹತ್ರ ಮಾಡ್ತೀರಲ್ಲ, ಹಾಗೆ."

ಕೊನೆಯ ಮರ

ವಾದ ಮಾಡುವುದಕ್ಕೆ ನನ್ನನ್ನು ಜೀವಮಾನದಲ್ಲಿ ಯಾರೂ ಪ್ರಾರ್ಥಿಸಿದ್ದಿಲ್ಲ. ಸಾಕು ಮಾಡಿ ಎಂದವರೇ ಎಲ್ಲರೂ. ಮೊಟ್ಟೆಯಿಂದಲೇ ಪ್ರಾರಂಭಿಸಿದೆ. ಬೆಟ್ಟ ಮೊಟ್ಟೆಯಷ್ಟಿದ್ದು ಉಳಿದದ್ದೆಲ್ಲ ಸಮುದ್ರವಾಗಿದ್ದರೆ ಅದನ್ನು ನೋಡಿ ಹೇಳಿದವನು ನಿಂತದ್ದೆಲ್ಲಿ? ಎರಡು ಹೆಜ್ಜೆಗೊಂದು ಮಾತು. ಅಂಕಿತಾ ಅದನ್ನು ಅವರ ಭಾಷೆಗೆ ತಿರುಗಿಸುವಷ್ಟು ಹೊತ್ತು ನನಗೆ ಉಸಿರಾಡಲು ಬಿಡುವು.

ರುಸ್ಲಿಯವರ ಉತ್ತರ ಬಂತು: "ಮೊಟ್ಟೆಯ ಮೇಲೆ."

ಸುಮ್ಮನಾಗುವಂತಿರಲಿಲ್ಲವಾದ್ದರಿಂದ ಮೊಟ್ಟೆಯ ಮೇಲೆ ಮನುಷ್ಯ ಜಾರದೆ ನಿಲ್ಲುವನೇ ಎಂಬಲ್ಲಿಗೆ ಚರ್ಚೆಯನ್ನು ಒಯ್ದೆ. ಬೆಟ್ಟದ ಮೇಲೆ ಜಂಬದ ಮಾತು ಬೇಡವೆನ್ನುವುದಾದರೆ, ಬೆಟ್ಟಕ್ಕೆ ಕಿವಿ ಇದೆಯೆಂದು ಪರೀಕ್ಷಿಸಿದವರಾರೆಂದು ಕೇಳಿದೆ. ಸ್ವಲ್ಪ ಮೆಲ್ಲಗೆ ಕೇಳಿ, ಎಂದರು ಅವರು. ಹೀಗೆ, ಅಳತೆಯ ಹೆಜ್ಜೆ, ಅಳತೆಯ ಮಾತು, ನಡುವೆ ನಗು. ಬೆಳಿಗ್ಗೆ ನನ್ನನ್ನು ನುಂಗುವಂತಿದ್ದ ಅದೇ ಏರು ಈಗ ಕೈಹಿಡಿದು ನಡೆಸುವಂತಿತ್ತು. ಇಳಿಹೊತ್ತಿಗೆ ಮರಗಳು ಕುಳ್ಳಾಗಿ, ಪೊದೆಗಳಾಗಿ, ಕೊನೆಗೊಮ್ಮೆ ಇಲ್ಲವಾದವು. ಮುಂದೆ ಬರಿ ಕಲ್ಲು. ರುಸ್ಲಿಯವರು ಡೇರೆ ಬಿಚ್ಚಿದರು. ನಾಳೆ ಬಾಯಿಗೆ ಹೋಗುವೆವೇ ಎಂದು ಅಂಕಿತಾ ಕೇಳಿದ್ದಕ್ಕೆ, ಅಜ್ಜನಿಗೆ ಬೆಳಿಗ್ಗೆಗೂ ಆಗುವಷ್ಟು ಸಂಶಯ ಉಳಿದಿದ್ದರೆ ಹೋಗುವೆವು ಎಂದರಂತೆ.

ಬೆಳಿಗ್ಗೆ ರುಸ್ಲಿಯವರು ನಮಾಜಿಗೆ ನಿಂತರು. ನಾನು ಅಲ್ಲಿಯೇ ಅನತಿದೂರದಲ್ಲಿ ವಿಭೂತಿ ಧರಿಸಿ, ಇಷ್ಟಲಿಂಗವನ್ನು ಎಡ ಅಂಗೈಯಲ್ಲಿಟ್ಟು ಪೂಜೆಗೆ ಕುಳಿತೆ. ಇಬ್ಬರದೂ ಹೆಚ್ಚುಕಡಿಮೆ ಒಟ್ಟಿಗೆ ಮುಗಿಯಿತು. ಚಹಾ ಕುಡಿಯುವಾಗ ಅವರು ಅಂಕಿತಾಳನ್ನು ವಿಚಾರಿಸಿದರಂತೆ: ಅಜ್ಜ ತಮ್ಮೂರಿನ ಕಲ್ಲನ್ನು ಅಂಗೈಯಲ್ಲಿಟ್ಟು ಅಷ್ಟು ಹೊತ್ತು ನೋಡುತ್ತಿದ್ದರಲ್ಲ, ನಮ್ಮ ಬೆಟ್ಟದ ಕಲ್ಲಿಗೂ ಅದಕ್ಕೂ ಹೋಲಿಕೆ ಸಿಕ್ಕಿತೇ? ದೇವರೆಂದು ತಿಳಿಸಿದ ಮೇಲೆ ಸಂಕೋಚಗೊಂಡು ಕ್ಷಮೆ ಕೇಳಲು ಎದ್ದರು. ಪ್ರಶ್ನೆ ತಪ್ಪಲ್ಲ, ಅಷ್ಟು ಹೊತ್ತು ಕಣ್ಣಿಟ್ಟು ನೋಡುವುದೇ ಪೂಜೆ ಎಂದು ಹೇಳಿಸಿ ಕೂರಿಸಿದೆ.

ಬಾಯಿ

ಕೊನೆಯ ಏರು ಬರಿ ಸಡಿಲ ಕಲ್ಲು. ಒಂದು ಹೆಜ್ಜೆ ಮೇಲಿಟ್ಟರೆ ಅರ್ಧ ಹೆಜ್ಜೆ ಕೆಳಗೆ ಜಾರುತ್ತದೆ. ಗಂಧಕದ ನಾತ, ದೀಪಾವಳಿಯ ಮರುದಿನದ ಅಂಗಳದಂತೆ. ನಾನು ಪುಸ್ತಕಗಳ ಮೇಲೆ, ಪ್ರವಾಸಿಗರ ಮೇಲೆ, ಶ್ರೀಶೈಲದ ಪಾದಯಾತ್ರಿಗಳ ಮೇಲೆ, ಉಳಿದಿದ್ದ ಆಕ್ಷೇಪಣೆಗಳನ್ನೆಲ್ಲ ಒಂದೊಂದಾಗಿ ಖರ್ಚು ಮಾಡುತ್ತ ಏರಿದೆ.

ಮೇಲೆ ವಿಶಾಲವಾದ ಬೂದುಬಣ್ಣದ ಬಯಲು. ಮಲ್ಲಿಕಾರ್ಜುನನಿಗೆ ಅಲ್ಲಿ ಭಕ್ತಿ ಉಕ್ಕಿತು. ನೆಲದ ನುಣ್ಣನೆಯ ಬೂದಿಯನ್ನು ಮೂರು ಬೆರಳಿಗೆ ತೆಗೆದುಕೊಂಡು ಹಣೆಗೆ ಅಡ್ಡಲಾಗಿ ಎಳೆದುಕೊಂಡ. ಇದು ಬೂದಿಯಲ್ಲ, ಇಲ್ಲೇನೂ ಸುಟ್ಟಿಲ್ಲ, ಇದು ಕಲ್ಲಿನ ಹಿಟ್ಟು, ವಿಭೂತಿಯಾಗದು ಎಂದೆ.

"ಶಿವನ ಬೆಟ್ಟದ ಬೂದಿಗೆ ಸರ್ಟಿಫಿಕೇಟ್ ಬೇಕೇನ್ರಿ ಮಾವಾರ?" ಎಂದ.

ಬೆವರು ಇಳಿಯಿತು. ಗಂಧಕದ ಹುಳಿ ಅದರೊಡನೆ ಸೇರಿತು. ಸ್ವಲ್ಪ ಹೊತ್ತಿಗೆ ಆತ ಹಣೆ ಹಿಡಿದುಕೊಂಡು ಕುಣಿಯುತ್ತ ಕುಡಿಯುವ ನೀರಿಗೆ ಕೈಚಾಚಿದ. ರುಸ್ಲಿಯವರು ಎಷ್ಟೋ ಜನರನ್ನು ಮೇಲೆ ತಂದಿದ್ದರಂತೆ, ಬೆಟ್ಟವನ್ನು ಹಣೆಗೆ ಹಚ್ಚಿಕೊಂಡವರನ್ನು ಕಂಡದ್ದು ಅದೇ ಮೊದಲು.

ಗಾಳಿ ನಮ್ಮ ಬೆನ್ನ ಕಡೆಯಿಂದ ಬೀಸುವವರೆಗೆ ಕಾದು, ಒದ್ದೆ ಬಟ್ಟೆಯನ್ನು ಮೂಗಿಗೆ ಕಟ್ಟಿಸಿ, ನಮ್ಮನ್ನು ಬಾಯಿಯ ಹತ್ತಿರಕ್ಕೆ ಕರೆದೊಯ್ದರು. ಹಬೆ ಮಾತ್ರ ಕಂಡಿತು, ಬೆಳ್ಳನೆಯ, ದಟ್ಟವಾದ ಹಬೆ. ಕೆಂಪೆಲ್ಲೂ ಇಲ್ಲ. ನನ್ನ ಸಂಶಯವೇ ಗೆದ್ದಿತೆಂದು ಹೇಳಲು ಬಾಯಿ ತೆರೆದೆ.

ಅಷ್ಟರಲ್ಲಿ ಹಬೆ ಸರಿಯಿತು.

ಕೆಳಗೆ ಬಾವಿಯಿತ್ತು. ನಾನು ತೋಡಿಸಿದ ಬಾವಿಗಳನ್ನೆಲ್ಲ ಹಾಕಿದರೂ ತುಂಬದಂಥ ಬಾವಿ. ಅದರ ಎದುರುಗೋಡೆಯಲ್ಲಿ ಕರಿಕಲ್ಲು, ಅದರ ಕೆಳಗೆ ಕಾವಿ ಬಣ್ಣದ ಪಟ್ಟಿ, ಅದರ ಕೆಳಗೆ ಮತ್ತೆ ಕರಿಕಲ್ಲು, ಮತ್ತೆ ಕಾವಿ. ಬೆಂಕಿ ಒಂದೇ ಸಲ ಹರಿದದ್ದಲ್ಲ. ಬಂದಿತ್ತು, ನಿಂತಿತ್ತು, ಹರಿದದ್ದರ ಮೈ ಬಿಸಿಲು ಮಳೆಗೆ ಮಣ್ಣಾಗುವಷ್ಟು ಕಾಲ ಸುಮ್ಮನಿತ್ತು, ಮತ್ತೆ ಬಂದಿತ್ತು. ಮಣ್ಣು ಹಾಸಲು ಯಾರೂ ಬಂದಿರಲಿಲ್ಲ, ಕಾಲವೇ ಹಾಸಿತ್ತು. ಕಾಲ ಕೆಳಗೆ ನೆಲ ಬೆಚ್ಚಗಿತ್ತು, ಆಗತಾನೆ ಇಳಿಸಿದ ಹಂಚಿನ ಹಾಗೆ. ಬಿಜಾಪುರದ ಹೊಲಗಳಲ್ಲಿ ನಾನು ಒಡೆಸಿದ್ದೆಲ್ಲ ತಣ್ಣಗಾಗಿಹೋದ ಇಂಥದೇ ಬೆಂಕಿಯ ಮನೆಯ ಗೋಡೆ.

ರುಸ್ಲಿಯವರು ನನ್ನ ಮೊಣಕೈ ಹಿಡಿದರು. ಏನೋ ಕೇಳಿದರು, ಮತ್ತೆ ಕೇಳಿದರು. ನನ್ನ ಮಾತು ನಿಂತುಹೋಗಿತ್ತು. ಅವರ ಲೆಕ್ಕದಲ್ಲಿ ಅದಕ್ಕೆ ಒಂದೇ ಅರ್ಥ. ಅವರು ನನ್ನನ್ನು ಹಿಂದಕ್ಕೆಳೆಯತೊಡಗಿದರು.

"ಅಜ್ಜ, ಏನಾದ್ರೂ ವಾದ ಮಾಡಿ, ಬೇಗ" ಎಂದಳು ಅಂಕಿತಾ.

ಹುಡುಕಿದೆ, ಒಂದೂ ಸಿಗಲಿಲ್ಲ.

"ಇಲ್ಲವ್ವ" ಎಂದೆ. "ಪುಸ್ತಕದಾಗ ಬರದದ್ದು ಖರೇನ ಐತಿ."

ಅವಳು ಅದನ್ನು ತಿರುಗಿಸಿ ಹೇಳಿದಳು. ರುಸ್ಲಿಯವರು ಮೊಣಕೈ ಬಿಟ್ಟರು, ಆದರೆ ಪಕ್ಕದಿಂದ ಸರಿಯಲಿಲ್ಲ. ಹಬೆ ಮತ್ತೆ ಮುಚ್ಚುವವರೆಗೆ ನಾವು ಅಲ್ಲಿ ನಿಂತೆವು. ಅಂಕಿತಾ ನನ್ನ ಭುಜಕ್ಕೆ ಗಲ್ಲವಿಟ್ಟು ನೋಡುತ್ತಿದ್ದಳು.

ಮತ್ತೆ ಯಿಶುನ್

ಮಲ್ಲಿಕಾರ್ಜುನನ ಕ್ಯಾಮೆರಾದ ಗಾಜಿಗೆ ಹಬೆ ಕೂತಿದ್ದರಿಂದ ಬಾಯಿಯ ಬಳಿ ತೆಗೆದ ಚಿತ್ರಗಳಲ್ಲಿ ಬಿಳುಪಲ್ಲದೆ ಬೇರೇನೂ ಇಲ್ಲ. ಹಣೆಯ ಮೇಲಿನ ಮೂರು ಕೆಂಪು ಗೆರೆಗಳನ್ನು ಹೊತ್ತುಕೊಂಡೇ ಆತ ಉಬಿ ಬಡಾವಣೆಯ ತನ್ನ ವರ್ಕ್‌ಶಾಪಿಗೆ ಹೋಗಿಬಂದ. ಸಹೋದ್ಯೋಗಿಗಳು ಅದನ್ನು ಹೊಸದೊಂದು ವ್ರತವೆಂದು ತಿಳಿದು ಯಾರೂ ಏನೂ ಕೇಳಲಿಲ್ಲ. ಸಾವಿತ್ರಿ ನನ್ನ ಮೊಣಕಾಲಿಗೆ ಎಣ್ಣೆ ತಿಕ್ಕುತ್ತ, ಬಾಯಿಯ ಕತೆಯನ್ನು ಮತ್ತೆ ಮತ್ತೆ ಹೇಳಿಸಿಕೊಂಡಳು.

ಆ ಭಾನುವಾರ ನಮ್ಮ ಕಡೆಯ ಕೆಲವು ಸಂಸಾರಗಳು ಊಟಕ್ಕೆ ಬಂದಿದ್ದವು. ಅವರಲ್ಲಿ ಗದಗಿನಿಂದ ಮಗನ ಮನೆಗೆ ಬಂದಿದ್ದ, ನನ್ನದೇ ವಯಸ್ಸಿನ ಒಬ್ಬ ಯಜಮಾನರಿದ್ದರು. ನಾನು ಗೋಡೆಯ ಪಟ್ಟಿಗಳನ್ನು ಬಣ್ಣಿಸುವಷ್ಟು ಹೊತ್ತೂ ಅವರು ಆ ಬಿಳಿ ಚಿತ್ರಗಳನ್ನು ಒಂದೊಂದಾಗಿ ನೋಡಿದರು. ಮಲ್ಲಿಕಾರ್ಜುನನ ಹಣೆ ನೋಡಿದರು. ನನ್ನ ಕಾಲು ನೋಡಿದರು.

"ಯಜಮಾನ್ರ, ತಪ್ಪು ತಿಳಕೋಬ್ಯಾಡ್ರಿ" ಎಂದರು. "ಇವು ಇಡ್ಲಿ ಪಾತ್ರಿ ಮುಚ್ಚಳ ತೆಗದು ಹೊಡದ ಫೋಟೋ ಕಂಡಂಗ ಕಾಣ್ತಾವ."

ಮನೆಯೆಲ್ಲ ನಕ್ಕಿತು. ಅಂಕಿತಾ ನನ್ನ ಪರವಾಗಿ ಸಾಕ್ಷಿ ನುಡಿಯಲು ಎದ್ದಳು. ಅವಳನ್ನು ಕೈಹಿಡಿದು ಕೂರಿಸಿದೆ. ಅಷ್ಟು ಒಳ್ಳೆಯ ಸಂಶಯವನ್ನು ನಾನು ಬಹಳ ದಿನಗಳಿಂದ ಕೇಳಿರಲಿಲ್ಲ. ಅವರ ಜಾಗದಲ್ಲಿದ್ದರೆ ನಾನೂ ಅದನ್ನೇ ಹೇಳುತ್ತಿದ್ದೆ, ಇಷ್ಟು ಚೆನ್ನಾಗಿ ಹೇಳುತ್ತಿದ್ದೆನೋ ಇಲ್ಲವೋ.

ಮರಾಪಿ ಏರಲು ಅವರ ಶೂ ಅಳತೆ ಎಷ್ಟೆಂದು ಕೇಳಿದೆ.